ಹೊಸ ಮಡಿಕೇರಿಯ ರಿಪೇರಿ: ಪಿಎಸ್ 4ರಲ್ಲಿ ಒಂದು ಊರನ್ನು ಮತ್ತೆ ನಿಲ್ಲಿಸಿದ್ದು

ಅಕ್ಕನ ಮಗ ಕಟ್ಟಿದ ಊರಿನ ಹೆಸರು ಹೊಸ ಮಡಿಕೇರಿ. ಆಟ ಸಿಟೀಸ್ ಸ್ಕೈಲೈನ್ಸ್, ಆಡುವುದು ಪಿಎಸ್ 4, ಅಂದರೆ ಪ್ಲೇಸ್ಟೇಷನ್ 4 ಕನ್ಸೋಲಿನಲ್ಲಿ. ಕಂಟ್ರೋಲರ್ ನನ್ನ ಕೈಗೆ ಬಂದಾಗ ಊರಿನ ಸ್ಥಿತಿ ಹೀಗಿತ್ತು. ಜನಸಂಖ್ಯೆ ಆರು ಸಾವಿರದ ಆಸುಪಾಸು. ವಾರದ ಆದಾಯ ಮೈನಸ್. ಹೆದ್ದಾರಿಯಿಂದ ಊರಿಗೆ ಇಳಿಯುವ ಜಾಗದಲ್ಲಿ ಲಾರಿಗಳ ಸಾಲು, ಮ್ಯಾಪಿನ ಅಂಚಿನವರೆಗೂ. ಮನೆಗಳ ತಲೆ ಮೇಲೆ ಏನಾದರೊಂದು ಗುರುತು ಕುಣಿಯುತ್ತಿತ್ತು. ಒಂದು ಕಡೆ ಕಸ ಎತ್ತಿಲ್ಲ, ಇನ್ನೊಂದು ಕಡೆ ಕಾಯಿಲೆ, ಮತ್ತೊಂದು ಕಡೆ ಹೆಣ ಒಯ್ಯಲು ಗಾಡಿ ಬಂದಿಲ್ಲ.

"ಮಾಮ, ಇದನ್ನ ಡಿಲೀಟ್ ಮಾಡಿ ಹೊಸದು ಶುರು ಮಾಡ್ಲಾ?"

"ಬೇಡ ಮಾರಾಯ. ಇದನ್ನೇ ಬಿಚ್ಚಿ ನೋಡುವ."

ಜೋರು ಮಳೆ, ಶಾಲೆಗೆ ರಜೆ ಕೊಟ್ಟಿದ್ದರು, ಹೊರಗೆ ಹೋಗುವ ಹಾಗಿರಲಿಲ್ಲ. ಈ ಆಟವನ್ನು ಹೊಸದಾಗಿ ಹಿಡಿದವರಿಗೆ ಉಪಯೋಗಕ್ಕೆ ಬರಬಹುದು ಅಂತ, ಏನು ಕೆಟ್ಟಿತ್ತು, ಹೇಗೆ ಸರಿ ಮಾಡಿದೆವು ಅನ್ನುವುದನ್ನು ಬರೆದಿಡುತ್ತಿದ್ದೇನೆ. ಕಾಯಿಲೆ ಹತ್ತು ಕಂಡರೂ ಹೆಚ್ಚಿನವಕ್ಕೆ ಬೇರು ಒಂದೇ. ಹುಡುಗ ಎಲ್ಲೂ ಜಾಗ ಬಿಟ್ಟಿರಲಿಲ್ಲ.

ಆಟ ಗೊತ್ತಿಲ್ಲದವರಿಗೆ ಎರಡು ಮಾತು. ಫಿನ್‌ಲ್ಯಾಂಡಿನ ಕೊಲೋಸಲ್ ಆರ್ಡರ್ ಮಾಡಿದ ಈ ಆಟ 2015ರಲ್ಲಿ ಕಂಪ್ಯೂಟರಿಗೆ ಬಂತು, 2017ರಲ್ಲಿ ಎಕ್ಸ್‌ಬಾಕ್ಸ್ ಒನ್ ಮತ್ತು ಪಿಎಸ್ 4ಕ್ಕೆ. ಪಿಎಸ್ 5ಕ್ಕೆ ರೀಮಾಸ್ಟರ್ಡ್ ಆವೃತ್ತಿ 2023ರಲ್ಲಿ ಬಂತು. ಅದರಲ್ಲಿ 25 ಟೈಲ್‌ಗಳಷ್ಟು ಜಾಗ ತೆರೆಯಬಹುದು, ನಮ್ಮದರಲ್ಲಿ 9 ಮಾತ್ರ. ಒಂದೊಂದು ಟೈಲ್ ಹತ್ತಿರ ಹತ್ತಿರ 2 ಕಿಲೋಮೀಟರ್ ಉದ್ದಗಲ. ಇಲ್ಲಿ ಹೇಳುವುದೆಲ್ಲ ಎರಡಕ್ಕೂ ಒಂದೇ.

ಮೊದಲು ಕರೆಂಟು

ಕೊಡಗಿನಲ್ಲಿ ಮಳೆಗಾಲದಲ್ಲಿ ಆಡುವವರು ಊರಿನ ಕರೆಂಟಿಗಿಂತ ಮೊದಲು ಮನೆಯ ಕರೆಂಟ್ ನೋಡಿಕೊಳ್ಳಬೇಕು. ಗಾಳಿಗೆ ಮರ ಲೈನ್ ಮೇಲೆ ಬಿದ್ದರೆ ಹೇಳದೆ ಕೇಳದೆ ಹೋಗುತ್ತದೆ. ಸೇವ್ ಆಗುತ್ತಿರುವಾಗಲೇ ಹೋದರೆ ಆ ಫೈಲ್ ಕೆಡಬಹುದು. ಮತ್ತೆ ಆನ್ ಮಾಡಿದಾಗ ಪಿಎಸ್ 4 ಸರಿಯಾಗಿ ಆಫ್ ಮಾಡಿಲ್ಲ ಅಂತ ಬೈದು, ಡಿಸ್ಕ್ ಪರೀಕ್ಷೆಗೆ ಕೂರುತ್ತದೆ.

ಮನೆಯಲ್ಲಿ ಇನ್ವರ್ಟರ್ ಇದ್ದರೆ ಅದರ ಹಿಂಬದಿ ನೋಡಿ. ಹೆಚ್ಚಿನವುಗಳಲ್ಲಿ ಯುಪಿಎಸ್ ಮೋಡ್ ಅನ್ನುವ ಸಣ್ಣ ಸ್ವಿಚ್ ಇರುತ್ತದೆ. ಅದು ಮಾಮೂಲಿ ಮೋಡಿನಲ್ಲಿದ್ದರೆ ಕರೆಂಟ್ ಹೋಗಿ ಬ್ಯಾಟರಿ ಹಿಡಿಯುವಷ್ಟರಲ್ಲಿ ಕನ್ಸೋಲ್ ಆಫ್ ಆಗಿಬಿಡಬಹುದು. ಯುಪಿಎಸ್ ಮೋಡಿನಲ್ಲಿ ಬೇಗ ಹಿಡಿಯುತ್ತದೆ. ಇನ್ವರ್ಟರ್ ಇಲ್ಲದವರಿಗೆ ಕಂಪ್ಯೂಟರಿಗೆ ಇಡುವ 600 ವಿಎ ಯುಪಿಎಸ್ ಸಾಕು. ಪಿಎಸ್ 4 ಸ್ಲಿಮ್ ಗರಿಷ್ಠ ಎಂದರೆ 165 ವ್ಯಾಟ್ ಎಳೆಯುತ್ತದೆ, ಪಕ್ಕದಲ್ಲಿ ಸಣ್ಣ ಎಲ್‌ಇಡಿ ಟಿವಿ ಇದ್ದರೂ ತಡೆಯುತ್ತದೆ. ಆಟ ಮುಂದುವರಿಸಲು ಅಲ್ಲ, ಸೇವ್ ಮಾಡಿ ಮರ್ಯಾದೆಯಿಂದ ಆಫ್ ಮಾಡಲು.

ಆಟೋಸೇವ್ ಆನ್ ಇರಲಿ, ಆದರೆ ಅದೊಂದನ್ನೇ ನಂಬಬೇಡಿ. ದೊಡ್ಡದಾಗಿ ಏನನ್ನಾದರೂ ಕೆಡವುವ ಮೊದಲು ಬೇರೆ ಹೆಸರಿನಲ್ಲಿ ಒಂದು ಸೇವ್ ಮಾಡಿ. ನಾವು ಹೊಸ ಮಡಿಕೇರಿಯನ್ನು ಮುಟ್ಟುವ ಮೊದಲೇ ಒಂದು ಪ್ರತಿ ಎತ್ತಿಟ್ಟೆವು.

ಪಾಸ್ ಒತ್ತಿ, ಆಮೇಲೆ ಯೋಚನೆ

ಹುಡುಗ ಆಟ ಓಡುತ್ತಿರುವಾಗಲೇ ರಸ್ತೆ ಎಳೆಯುತ್ತಿದ್ದ. ಅದು ಬೇಡ. ಪಾಸ್ ಮಾಡಿದರೂ, ಅಂದರೆ ಆಟವನ್ನು ತಡೆದು ನಿಲ್ಲಿಸಿದರೂ, ಕಟ್ಟಬಹುದು, ಕೆಡವಬಹುದು, ಎಲ್ಲ ಮಾಹಿತಿ ನಕ್ಷೆಗಳನ್ನೂ ನೋಡಬಹುದು. ಸಮಯ ಮಾತ್ರ ನಿಂತಿರುತ್ತದೆ. ಕಂಟ್ರೋಲರಿನಲ್ಲಿ ಮೌಸಿನಷ್ಟು ನಿಖರವಾಗಿ ಎಳೆಯಲು ಬರುವುದಿಲ್ಲ, ಹಾಗಾಗಿ ಕನ್ಸೋಲಿನಲ್ಲಿ ಪಾಸ್ ಇನ್ನೂ ಜಾಸ್ತಿ ಬೇಕು. ಇನ್ನೊಂದು ಲಾಭವೂ ಇದೆ. ಕಟ್ಟಿದ ಕೂಡಲೇ ಕೆಡವಿದರೆ ಖರ್ಚಿನ ದೊಡ್ಡ ಪಾಲು ವಾಪಸ್ ಬರುತ್ತದೆ. ಸ್ವಲ್ಪ ಕಾಲ ಬಿಟ್ಟು ಕೆಡವಿದರೆ ಹೋದದ್ದು ಹೋಯಿತು.

ಪಾಸ್ ಮಾಡಿ ಮೊದಲು ತೆರೆದದ್ದು ಟ್ರಾಫಿಕ್ ನಕ್ಷೆ. ಹಸಿರು ಇದ್ದರೆ ಸಲೀಸು, ಕೆಂಪು ಇದ್ದರೆ ನಿಂತಿದೆ ಅಂತ. ಇಡೀ ಊರು ಹಸಿರಾಗಿತ್ತು. ಹೆದ್ದಾರಿ ಇಳಿದ ಮೇಲಿನ ಮೊದಲ ನಾಲ್ಕು ರಸ್ತೆ ಮಾತ್ರ ರಕ್ತದ ಹಾಗೆ ಕೆಂಪು.

"ಜಾಮ್ ಇರುವುದು ಒಂದೇ ಕಡೆ ಅಲ್ವಾ ಮಾಮ? ಮತ್ತೆ ಊರೆಲ್ಲ ಯಾಕೆ ಸಾಯ್ತಾ ಇದೆ?"

ಇಲ್ಲೇ ಇರುವುದು ಈ ಆಟದ ಗುಟ್ಟು. ಕಸದ ಗಾಡಿ, ಆಂಬುಲೆನ್ಸ್, ಹೆಣದ ಗಾಡಿ, ಫೈರ್ ಇಂಜಿನ್, ಎಲ್ಲವೂ ನಿಜವಾದ ರಸ್ತೆಯಲ್ಲಿ ನಿಜವಾಗಿ ಓಡಿಯೇ ಬರಬೇಕು. ಅಂಗಡಿಗೆ ಸಾಮಾನು ಬರುವುದೂ ಲಾರಿಯಲ್ಲೇ, ನಮ್ಮ ಕಾರ್ಖಾನೆಯಿಂದಲೋ ಹೊರಗಿನಿಂದಲೋ. ಹೆದ್ದಾರಿ ಬಾಯಿಯಲ್ಲಿ ಲಾರಿ ಸಿಕ್ಕಿಕೊಂಡರೆ ಅಂಗಡಿಯಲ್ಲಿ ಮಾರಲು ಸಾಮಾನಿಲ್ಲ. ತುಂಬ ಹೊತ್ತು ನಿಂತ ಲಾರಿಯನ್ನು ಆಟವೇ ಮಾಯ ಮಾಡುತ್ತದೆ, ಅದರ ಜೊತೆ ಸಾಮಾನೂ ಹೋಗುತ್ತದೆ. ಅಂಗಡಿ ಮುಚ್ಚುತ್ತದೆ. ಅಂಗಡಿ ಮುಚ್ಚಿತು ಅಂತ ಹುಡುಗ ಇನ್ನಷ್ಟು ಅಂಗಡಿಗೆ ಜಾಗ ಬಳಿಯುತ್ತಾನೆ. ಅವಕ್ಕೂ ಲಾರಿ ಬೇಕು. ಸಾಲು ಇನ್ನೂ ಉದ್ದ. ಅವನು ಎರಡು ಆಸ್ಪತ್ರೆ ಹೆಚ್ಚಿಗೆ ಕಟ್ಟಿದ್ದ. ಆಂಬುಲೆನ್ಸ್‌ಗಳು ಆ ಸಾಲಿನ ಹಿಂದೆಯೇ ನಿಂತಿದ್ದವು.

ವಾರಾಂತ್ಯದಲ್ಲಿ ರಾಜಾಸೀಟಿಗೆ ಬರುವ ಗಾಡಿಗಳು ಜನರಲ್ ತಿಮ್ಮಯ್ಯ ವೃತ್ತದ ಹತ್ತಿರ ಸೇರಿದಾಗ ಮಡಿಕೇರಿ ಹೇಗಿರುತ್ತದೆ ಅಂತ ಅವನಿಗೆ ಗೊತ್ತು. ದಸರಾದ ದಶಮಂಟಪ ಮೆರವಣಿಗೆಯ ರಾತ್ರಿಯಂತೂ ಕೇಳುವುದೇ ಬೇಡ. ಗುಡ್ಡದ ಮೇಲಿನ ಊರು, ಎರಡೂ ಬದಿ ಕಟ್ಟಡ, ಅಗಲ ಮಾಡುವ ಎಂದರೆ ಜಾಗ ಎಲ್ಲಿದೆ? ಹೊಸ ಮಡಿಕೇರಿ ಹೆಸರಿಗೆ ತಕ್ಕ ಹಾಗೇ ಇತ್ತು.

ಹೆದ್ದಾರಿಯ ಬಾಯಿ

ಆಟದ ಆರಂಭದಲ್ಲಿ ಸಣ್ಣ ರಸ್ತೆಗಳೇ ಕೈಗೆ ಸಿಗುವುದು. ಅಗಲ ರಸ್ತೆಗಳು ಜನಸಂಖ್ಯೆ ಒಂದಿಷ್ಟು ಏರಿದ ಮೇಲೆ ತೆರೆಯುತ್ತವೆ. ಹೊಸಬರು ಹೆದ್ದಾರಿಯಿಂದ ಒಂದು ಸಣ್ಣ ರಸ್ತೆ ಎಳೆದು ಅದರ ಎರಡೂ ಬದಿಗೆ ಮನೆ, ಅಂಗಡಿ ತುಂಬಿಸುತ್ತಾರೆ. ಇವನೂ ಅದನ್ನೇ ಮಾಡಿದ್ದ.

ಲೆಕ್ಕ ಹೀಗಿದೆ. ಆಟದ ನೆಲ ಸಣ್ಣ ಚೌಕಗಳಾಗಿ ಒಡೆದಿದೆ, ಒಂದು ಚೌಕ 8 ಮೀಟರ್. ಸಣ್ಣ ರಸ್ತೆಯ ಅಗಲ ಎರಡು ಚೌಕ. ಆರು ಲೇನಿನ ರಸ್ತೆಯ ಅಗಲ ನಾಲ್ಕು ಚೌಕ. ಅಂದರೆ ಸಣ್ಣದನ್ನು ಅಪ್‌ಗ್ರೇಡ್ ಮಾಡಿದಾಗ ಎರಡೂ ಬದಿಗೆ ಒಂದೊಂದು ಚೌಕ ಹಿಗ್ಗುತ್ತದೆ. ಅಲ್ಲಿ ಕಟ್ಟಡ ಇದ್ದರೆ ಅದು ನೆಲಸಮ. ಮನೆಯೋ ಅಂಗಡಿಯೋ ಆದರೆ ಮತ್ತೆ ತಾನಾಗಿ ಹುಟ್ಟುತ್ತದೆ. ನಾವೇ ದುಡ್ಡು ಕೊಟ್ಟು ಕಟ್ಟಿದ ಶಾಲೆಯೋ ಆಸ್ಪತ್ರೆಯೋ ಆದರೆ ಆಟ ಅಗಲ ಮಾಡಲಿಕ್ಕೇ ಬಿಡುವುದಿಲ್ಲ, ಮೊದಲು ಅದನ್ನು ತೆಗೆಯಬೇಕು. ಇವನು ಹೆದ್ದಾರಿ ಬಾಯಿಯಲ್ಲೇ ಶಾಲೆ, ಕ್ಲಿನಿಕ್, ಪೊಲೀಸ್ ಠಾಣೆ ಮೂರನ್ನೂ ಸಾಲಾಗಿ ಇಟ್ಟಿದ್ದ.

ಮಾಡಿದ್ದು ಇಷ್ಟು. ಮೊದಲು ಮುಖ್ಯ ರಸ್ತೆಯ ಎರಡೂ ಬದಿಯ ಝೋನ್, ಅಂದರೆ ಮನೆ ಅಂಗಡಿಗೆ ಅಂತ ಬಳಿದ ಗುರುತು, ಅಳಿಸಿದೆವು. ಮುಖ್ಯ ರಸ್ತೆಗೆ ಬಾಗಿಲು ತೆರೆಯುವ ಮನೆಯೇ ಇರಬಾರದು, ಮನೆಗಳೆಲ್ಲ ಒಳರಸ್ತೆಗೆ. ಆಮೇಲೆ ಶಾಲೆ, ಕ್ಲಿನಿಕ್, ಠಾಣೆ ಮೂರನ್ನೂ ಒಳಗೆ ಸ್ಥಳಾಂತರಿಸಿ ರಸ್ತೆ ಅಗಲ ಮಾಡಿದೆವು. ಕೆಂಪು ಸ್ವಲ್ಪ ಇಳಿಯಿತು, ಹೋಗಲಿಲ್ಲ.

ಅಗಲ ಮಾಡಿದರೆ ಎಲ್ಲ ಸರಿ ಹೋಗುತ್ತದೆ ಅನ್ನುವುದು ತಪ್ಪು ತಿಳಿವಳಿಕೆ. ಈ ಆಟದ ಚಾಲಕರು ಮುಂದೆ ಎಲ್ಲಿ ತಿರುಗಬೇಕೋ ಅದರ ಲೇನನ್ನು ತುಂಬ ಮೊದಲೇ ಹಿಡಿದು ಬಿಡುತ್ತಾರೆ. ಎಲ್ಲ ಲಾರಿಗಳೂ ಕಾರ್ಖಾನೆ ಕಡೆ ತಿರುಗಬೇಕಾದರೆ ಒಂದೇ ಲೇನಿನಲ್ಲಿ ನಿಲ್ಲುತ್ತವೆ, ಪಕ್ಕದ ಎರಡು ಲೇನ್ ಖಾಲಿ ಬಿದ್ದಿರುತ್ತವೆ. ನಮ್ಮಲ್ಲಿ ಕಂಡದ್ದೂ ಅದೇ. ಹಾಗಾಗಿ ಕಾರ್ಖಾನೆಗಳ ಬಡಾವಣೆಗೆ ಹೆದ್ದಾರಿಯಿಂದ ಬೇರೆಯೇ ಒಂದು ಇಳಿದಾರಿ ಕೊಟ್ಟೆವು, ಊರೊಳಗೆ ಬಾರದ ಹಾಗೆ. ಅದಕ್ಕೆ ಜಾಗ ಸಿಗಲು ಮೂವತ್ತು ನಲವತ್ತು ಮನೆ ಕೆಡವಬೇಕಾಯಿತು. ಹುಡುಗನ ಮುಖ ಸಣ್ಣದಾಯಿತು. "ಅವರೆಲ್ಲ ಎಲ್ಲಿಗೆ ಹೋಗ್ತಾರೆ ಮಾಮ?" ಅಂದ. ಬೇರೆ ಮನೆ ಖಾಲಿ ಇದ್ದರೆ ಅಲ್ಲಿಗೆ ಹೋಗುತ್ತಾರೆ, ಇಲ್ಲದಿದ್ದರೆ ಊರು ಬಿಡುತ್ತಾರೆ.

ಹೆದ್ದಾರಿ ಇಳಿದ ಕೂಡಲೇ ಇದ್ದ ನಾಲ್ಕು ರಸ್ತೆಯ ಕೂಡನ್ನು ಒಡೆದು ಒನ್‌ವೇ ರಸ್ತೆಯಿಂದ ಒಂದು ವೃತ್ತ ಮಾಡಿದೆವು. ಕಂಟ್ರೋಲರಿನಲ್ಲಿ ದುಂಡಗೆ ಎಳೆಯುವುದು ಕಿರಿಕಿರಿಯ ಕೆಲಸ. ಮೊದಲು ಸಣ್ಣ ರಸ್ತೆಯಿಂದ ಒಂದು ಚೌಕ ಹಾಕಿ, ಅದರ ಮೂಲೆಗಳನ್ನು ಆಧಾರ ಮಾಡಿಕೊಂಡು ಬಾಗಿದ ರಸ್ತೆಯ ನಾಲ್ಕು ತುಂಡು ಎಳೆದು, ಆಮೇಲೆ ಚೌಕ ಕೆಡವಿದರೆ ಸುಮಾರಾಗಿ ದುಂಡಗಾಗುತ್ತದೆ. ಬಾಣಗಳೆಲ್ಲ ಒಂದೇ ದಿಕ್ಕಿಗೆ ಇವೆಯಾ ನೋಡಿಕೊಳ್ಳಿ. ಹೊಸ ಆಟ ಶುರು ಮಾಡುವ ಪುಟದಲ್ಲಿ ಎಡಬದಿ ಸಂಚಾರ ಆರಿಸುವ ಆಯ್ಕೆ ಇದೆ. ನಮ್ಮ ಕಣ್ಣಿಗೆ ಅದೇ ಅಭ್ಯಾಸ, ಶುರುವಿನಲ್ಲೇ ಆರಿಸಿಕೊಂಡರೆ ವೃತ್ತ ಯಾವ ಕಡೆ ತಿರುಗಬೇಕು ಅನ್ನುವ ಗೊಂದಲ ಇರುವುದಿಲ್ಲ.

ಪಾಸ್ ತೆಗೆದು ಆಟ ಓಡಲು ಬಿಟ್ಟೆವು. ಸಾಲು ನಿಧಾನಕ್ಕೆ ಕರಗಿತು. ಕಸದ ಗುರುತುಗಳು ಒಂದೊಂದೇ ಮಾಯವಾದವು. ಆಸ್ಪತ್ರೆ ಒಂದನ್ನೂ ಹೊಸದಾಗಿ ಕಟ್ಟಲಿಲ್ಲ.

ಹೊಳೆಯ ನೀರು

ಕಾಯಿಲೆಯ ಗುರುತು ಮಾತ್ರ ಹೊಳೆ ಬದಿಯ ಬೀದಿಗಳಲ್ಲಿ ಉಳಿದೇ ಇತ್ತು. ನೀರಿನ ನಕ್ಷೆ ತೆರೆದರೆ ಕಾರಣ ಕಂಡಿತು. ಚರಂಡಿ ನೀರು ಬಿಡುವ ಪೈಪ್ ಹರಿವಿನ ಮೇಲ್ಗಡೆ, ಕುಡಿಯುವ ನೀರಿನ ಪಂಪ್ ಅದರ ಕೆಳಗಡೆ.

"ಭಾಗಮಂಡಲದಲ್ಲಿ ಬಿಟ್ಟದ್ದು ಕುಶಾಲನಗರಕ್ಕೆ ಬರುವುದಿಲ್ವಾ?" ಅಂತ ಕೇಳಿದೆ. ನಕ್ಕ. ಕಾವೇರಿ ಯಾವ ಕಡೆ ಹರಿಯುತ್ತಾಳೆ ಅಂತ ಅವನಿಗೆ ಹೇಳಿಕೊಡಬೇಕಾಗಿಲ್ಲ, ಆದರೆ ಆಟದಲ್ಲಿ ಹೊಳೆ ನೋಡಲು ಕೆರೆಯ ಹಾಗೆ ನಿಂತಂತೆ ಕಾಣುತ್ತದೆ. ನೀರಿನ ನಕ್ಷೆಯಲ್ಲಿ ಹರಿವಿನ ದಿಕ್ಕಿಗೆ ಬಾಣಗಳು ಇವೆ, ಪಂಪ್ ಇಡುವ ಮೊದಲು ಅವನ್ನು ನೋಡಿ. ಪಂಪ್ ಮೇಲೆ, ಚರಂಡಿ ಕೆಳಗೆ, ನಡುವೆ ಸಾಕಷ್ಟು ಅಂತರ. ನಾವು ಎರಡನ್ನೂ ಅದಲುಬದಲು ಮಾಡಿದೆವು. ಹೊಳೆಯ ಕಂದು ಬಣ್ಣ ಕೂಡಲೇ ಹೋಗುವುದಿಲ್ಲ, ಹರಿದು ಹೋಗಲು ಕಾಯಬೇಕು. ಅದಕ್ಕೇ ಹೊಸ ಪಂಪನ್ನು ಹಳೆಯ ಚರಂಡಿಗಿಂತ ಮೇಲಕ್ಕೆ ಇಟ್ಟು, ಆಮೇಲೆ ಹಳೆಯದನ್ನು ತೆಗೆದದ್ದು.

ನೀರಿನ ಟವರ್ ಬೇರೆ ಲೆಕ್ಕ. ಅದು ನೆಲದಡಿಯ ನೀರು ಎತ್ತುತ್ತದೆ, ಹೊಳೆ ಬೇಕಿಲ್ಲ. ಆದರೆ ನೆಲ ಕೆಟ್ಟಿದ್ದರೆ ನೀರೂ ಕೆಟ್ಟಿರುತ್ತದೆ, ಕಾರ್ಖಾನೆ ಹತ್ತಿರ ಇಡುವ ಹಾಗಿಲ್ಲ.

ಹುಡುಗನಿಗೆ ಹಾರಂಗಿಯ ಹಾಗೆ ಒಂದು ಡ್ಯಾಂ ಕಟ್ಟುವ ಆಸೆ. ಕಟ್ಟಬಹುದು, ಕರೆಂಟೂ ಕೊಡುತ್ತದೆ. ಆದರೆ ಈ ಆಟದಲ್ಲಿ ನೀರು ನಿಜವಾಗಿ ತುಂಬುತ್ತದೆ. ಡ್ಯಾಂ ಹಿಂದಿನ ತಗ್ಗಿನಲ್ಲಿ ಮನೆ ಇದ್ದರೆ ಮುಳುಗುತ್ತವೆ, ತುಂಬುವ ತನಕ ಕೆಳಗಿನ ಹೊಳೆ ಬಡವಾಗುತ್ತದೆ, ಅಲ್ಲಿ ಪಂಪ್ ಇದ್ದರೆ ಒಣಗುತ್ತದೆ. ಡ್ಯಾಂ ಬೇಕಾದರೆ ಊರಿಗಿಂತ ಮೊದಲು ಅದರ ಜಾಗ ಗುರುತಿಸಬೇಕು. ಇಲ್ಲಿ ಆಗಲೇ ಹೊಳೆಯ ಎರಡೂ ದಂಡೆಯಲ್ಲಿ ಮನೆ ತುಂಬಿತ್ತು. ಮುಂದಿನ ಊರಿಗೆ ಇರಲಿ ಅಂದೆ.

ದುಡ್ಡು

ಇದು ಬೇಗ ಮುಗಿಯುವ ವಿಷಯ. ಪೊಲೀಸ್, ಫೈರ್, ಶಾಲೆ, ಆಸ್ಪತ್ರೆ, ಪ್ರತಿಯೊಂದಕ್ಕೂ ವಾರ ವಾರ ಖರ್ಚಿದೆ. ಕಟ್ಟಲು ಬಿಟ್ಟರು ಅಂತ ಎಲ್ಲವನ್ನೂ ಕಟ್ಟಬಾರದು. ಮೊದಲಿಗೆ ಕ್ಲಿನಿಕ್, ಕಸ, ಪ್ರಾಥಮಿಕ ಶಾಲೆ ತೆರೆಯುತ್ತವೆ, ಆಮೇಲೆ ಫೈರ್, ಪೊಲೀಸ್. ಒಂದೊಂದೇ ಸಾಕು. ಇವನು ಪ್ರತಿ ಬೀದಿಗೆ ಒಂದು ಫೈರ್ ಸ್ಟೇಷನ್ ಇಟ್ಟಿದ್ದ, ಎರಡನ್ನು ಉಳಿಸಿ ಮಿಕ್ಕವನ್ನು ತೆಗೆದೆವು.

ಬಜೆಟ್ ಪುಟದಲ್ಲಿ ಪ್ರತಿ ಸೇವೆಗೂ 50ರಿಂದ 150 ಶೇಕಡಾವರೆಗೆ ಏರಿಳಿಸುವ ಪಟ್ಟಿ ಇದೆ. ಕರೆಂಟ್ ಉತ್ಪಾದನೆ ಬಳಕೆಗಿಂತ ತುಂಬ ಮೇಲಿದ್ದರೆ ಅದನ್ನು ಇಳಿಸಿ, ನೀರಿಗೂ ಹಾಗೇ. ನಮ್ಮ ಲೆಕ್ಕ ಮೈನಸ್‌ನಿಂದ ಮೇಲೆ ಬಂದದ್ದು ಮುಖ್ಯವಾಗಿ ಇದರಿಂದ. ಊರು ಬೆಳೆದ ಹಾಗೆ ಮತ್ತೆ ಏರಿಸಲು ಮರೆಯಬಾರದು, ಇಲ್ಲದಿದ್ದರೆ ಊರೆಲ್ಲ ಕತ್ತಲೆ. ತೆರಿಗೆ ಆರಂಭದಲ್ಲಿ ಶೇಕಡಾ 9 ಇರುತ್ತದೆ. ಒಂದೆರಡು ಏರಿಸಿದರೆ ಯಾರೂ ಊರು ಬಿಡುವುದಿಲ್ಲ. ಚಿರ್ಪರ್ ಅನ್ನುವ ನೀಲಿ ಹಕ್ಕಿ ಏನಾದರೂ ಗೊಣಗುತ್ತಲೇ ಇರುತ್ತದೆ, ಅದಕ್ಕೆಲ್ಲ ತಲೆ ಕೆಡಿಸಿಕೊಳ್ಳಬೇಡಿ. ಮಿತಿಯಿಲ್ಲದ ಹಣದ ಆಯ್ಕೆಯೂ ಇದೆ. ಅದನ್ನು ಹಾಕಿದರೆ ಟ್ರೋಫಿ ಸಿಗುವುದಿಲ್ಲ, ಮೇಲಾಗಿ ಆಟ ಸಪ್ಪೆ ಆಗುತ್ತದೆ ಅನ್ನುವುದು ನನ್ನ ಅಭಿಪ್ರಾಯ.

ಮೂರು ಕಂಬ ಹೇಳಿದ ಹಾಗೆ ಕುಣಿಯಬೇಡಿ

ಪರದೆಯ ಕೆಳಗೆ ಹಸಿರು, ನೀಲಿ, ಹಳದಿ ಕಂಬಗಳಿವೆ. ಮನೆ, ಅಂಗಡಿ, ಕಾರ್ಖಾನೆ ಎಷ್ಟು ಬೇಕು ಅಂತ ಹೇಳುತ್ತವೆ. 1989ರ ಸಿಮ್‌ಸಿಟಿಯ ಕಾಲದಿಂದ ಬಂದ ಪದ್ಧತಿ. ಹುಡುಗ ಹಸಿರು ಏರಿದ ಕೂಡಲೇ ಒಂದು ದೊಡ್ಡ ಬಯಲಿಡೀ ಮನೆಗೆ ಬಳಿದುಬಿಡುತ್ತಿದ್ದ. ಆಗ ಒಂದೇ ಸಲಕ್ಕೆ ಸಾವಿರಾರು ಜನ ಬರುತ್ತಾರೆ, ಹೆಚ್ಚುಕಡಿಮೆ ಒಂದೇ ವಯಸ್ಸಿನವರು. ಒಟ್ಟಿಗೆ ಮುದುಕರಾಗುತ್ತಾರೆ, ಒಟ್ಟಿಗೆ ಸಾಯುತ್ತಾರೆ. ಹೆಣದ ಗಾಡಿ ಎಷ್ಟಿದ್ದರೂ ಸಾಲದು. ಊರಿನ ಒಂದು ಭಾಗದಲ್ಲಿ ಹೆಣದ ಗುರುತು ಅಷ್ಟು ಒತ್ತಾಗಿ ಇದ್ದದ್ದಕ್ಕೆ ಜಾಮ್ ಅಲ್ಲದೆ ಇದೂ ಒಂದು ಕಾರಣ. ಇದಕ್ಕೆ ರಿಪೇರಿ ಇಲ್ಲ, ಅಲೆ ದಾಟುವ ತನಕ ಕಾಯುವುದು. ಮುಂದೆ ಸ್ವಲ್ಪ ಸ್ವಲ್ಪವೇ ಬಳಿಯುವುದು.

ಹೊಳೆಯಾಚೆ ಹೊಸ ಬಡಾವಣೆ

ಹಳೆ ಊರು ನಿಂತ ಮೇಲೆ ಪಕ್ಕದ ಟೈಲ್ ಕೊಂಡೆವು. ಗುಡ್ಡ, ಕೆಳಗೆ ಅಗಲವಾದ ತಗ್ಗು. ಹುಡುಗ ತಗ್ಗಿನಲ್ಲೇ ಮನೆ ಹಾಕಲು ಹೊರಟ, ಸಮತಟ್ಟಾಗಿದೆ ಅಂತ.

ನಮ್ಮಲ್ಲಿ ಐನ್‌ಮನೆಗಳು (ಕೊಡವ ಕುಟುಂಬಗಳ ಹಿರಿಯರ ಮೂಲ ಮನೆಗಳು) ಎಲ್ಲಿವೆ ಹೇಳು ಅಂದೆ. ಗದ್ದೆಯ ಅಂಚಿನಲ್ಲಿ, ಸ್ವಲ್ಪ ಎತ್ತರಕ್ಕೆ. ತಗ್ಗು ಪೂರ್ತಿ ಗದ್ದೆಗೆ, ಮನೆಯ ಹಿಂದಿನ ಇಳಿಜಾರು ಕಾಫಿಗೆ. ಆಟದಲ್ಲೂ ಅದನ್ನೇ ಮಾಡಿದೆವು. ಸಂಪನ್ಮೂಲ ನಕ್ಷೆಯಲ್ಲಿ ತಗ್ಗು ಫಲವತ್ತಾದ ನೆಲ ಅಂತ ತೋರಿಸುತ್ತಿತ್ತು. ಅದರ ಮೇಲೆ ಜಿಲ್ಲೆ (ಆಟದಲ್ಲಿ ಊರಿನ ಒಂದು ಭಾಗಕ್ಕೆ ಹಾಕುವ ಗಡಿ) ಬಳಿದು, ಅದನ್ನು ಕೃಷಿಗೆ ಅಂತ ಗುರುತಿಸಿ, ಹಳದಿ ಝೋನ್ ಹಾಕಿದರೆ ಕಾರ್ಖಾನೆ ಬದಲು ಹೊಲ ಬರುತ್ತದೆ. ಕೃಷಿಯಿಂದ ನೆಲ ಕೆಡುವುದಿಲ್ಲ, ಹಾಗಾಗಿ ಮನೆ ಹತ್ತಿರ ಇದ್ದರೂ ನಡೆಯುತ್ತದೆ. ಕಾಫಿ ಇಲ್ಲ, ಕರಿಮೆಣಸೂ ಇಲ್ಲ, ಅಷ್ಟು ಬೇಸರ. ಲಾರಿ ಮಾತ್ರ ಇಲ್ಲೂ ಇವೆ, ಹೊಲಕ್ಕೂ ಹೆದ್ದಾರಿಗೆ ಬೇರೆ ದಾರಿ ಕೊಟ್ಟೆವು.

ಮನೆಗಳನ್ನು ಅಂಚಿನ ಮೇಲೆ ಹಾಕುವಾಗ ರಸ್ತೆ ರಸ್ತೆಗೆ ಎಂಟು ಚೌಕ ಅಂತರ ಇಟ್ಟೆವು. ರಸ್ತೆಯಿಂದ ನಾಲ್ಕು ಚೌಕದ ಆಳಕ್ಕೆ ಮಾತ್ರ ಕಟ್ಟಡ ಏಳುತ್ತದೆ, ಎರಡೂ ಕಡೆಯಿಂದ ಸೇರಿ ಎಂಟು. ಕಡಿಮೆ ಇಟ್ಟರೆ ಸಣ್ಣ ಮನೆ, ಜಾಸ್ತಿ ಇಟ್ಟರೆ ನಡುವೆ ಪಾಳು ಜಾಗ. ಮುಖ್ಯ ರಸ್ತೆಯ ಪಕ್ಕ ಮಾತ್ರ ಉದ್ದಕ್ಕೂ ಖಾಲಿ ಬಿಟ್ಟು ಮರ ನೆಟ್ಟೆವು. ಮರ ಸದ್ದನ್ನೂ ಕಡಿಮೆ ಮಾಡುತ್ತದೆ. ದೊಡ್ಡ ರಸ್ತೆಯ ಸದ್ದು ಜಾಸ್ತಿಯಾದರೆ ಪಕ್ಕದ ಮನೆಯವರು ಕಾಯಿಲೆ ಬೀಳುತ್ತಾರೆ.

ಗುಡ್ಡದ ಮೇಲೆ ರಸ್ತೆ ನೇರ ಎಳೆದರೆ ಇಳಿಜಾರು ಜಾಸ್ತಿ ಅಂತ ಆಟ ಒಪ್ಪುವುದಿಲ್ಲ. ಸಂಪಾಜೆ ಘಾಟಿಯ ಹಾಗೆ ತಿರುವು ತಿರುವಾಗಿ ಹತ್ತಿಸಿದೆವು. ಮಣ್ಣು ಕಡಿದು ಸಮ ಮಾಡುವ ಸಾಧನವೂ ಇದೆ, ಎಷ್ಟು ಕಡಿದರೂ ಆಟದಲ್ಲಿ ಬರೆ ಜರಿಯುವುದಿಲ್ಲ. ಕೊಡಗಿನಲ್ಲಿ ಗುಡ್ಡಗಳು ಕುಸಿದ 2018ರ ಆಗಸ್ಟ್ ನೋಡಿದವರಿಗೆ ಅದು ಅಷ್ಟು ಸಲೀಸಾಗಿ ಕೈಗೆ ಬರುವುದಿಲ್ಲ. ನಾವು ಕಡಿಯಲಿಲ್ಲ. ಗುಡ್ಡದ ನೆತ್ತಿಯಲ್ಲಿ ಗಾಳಿಯಂತ್ರ ಮಾತ್ರ ಇಟ್ಟೆವು, ಗಾಳಿಯ ನಕ್ಷೆಯಲ್ಲಿ ಎಲ್ಲಿ ಬಣ್ಣ ಗಾಢ ಇದೆಯೋ ಅಲ್ಲಿ. ಅವಕ್ಕೂ ಸದ್ದು ಇದೆ, ಮನೆಗಳಿಂದ ದೂರ ಇರಲಿ. ಗಾಳಿ ಕಾರ್ಖಾನೆಯ ಹೊಗೆಯನ್ನು ಊರಿಗೆ ತರುತ್ತದೆ ಅಂತ ಹುಡುಗ ಹೆದರಿದ್ದ. ಈ ಆಟದಲ್ಲಿ ಹಾಗಿಲ್ಲ, ಕೆಡುವುದು ಕಾರ್ಖಾನೆ ಸುತ್ತಲಿನ ನೆಲ ಮಾತ್ರ. ಕಾರ್ಖಾನೆ ತೆಗೆದ ಕೂಡಲೇ ಅಲ್ಲಿ ಮನೆ ಹಾಕಬೇಡಿ, ನೆಲ ಸರಿಯಾಗಲು ಸಮಯ ಬೇಕು. ಕರೆಂಟ್ ಕಂಬ ಮನೆ ಮನೆಗೆ ಎಳೆಯಬೇಕಿಲ್ಲ. ಕಟ್ಟಡದಿಂದ ಕಟ್ಟಡಕ್ಕೆ ತಾನೇ ಹರಡುತ್ತದೆ, ನಡುವೆ ದೊಡ್ಡ ಖಾಲಿ ಇದ್ದಲ್ಲಿ ಮಾತ್ರ ಕಂಬ ಬೇಕು.

ಈಗ ಲೆಕ್ಕ ಪ್ಲಸ್‌ನಲ್ಲಿದೆ. ಹುಡುಗನ ಕಣ್ಣು ರೈಲಿನ ಮೇಲೆ. ಕೊಡಗಿನಲ್ಲಿ ರೈಲು ಹಳಿ ಇಲ್ಲ, ಇಲ್ಲಾದರೂ ಇರಲಿ ಅಂತಾನೆ. ಒಳ್ಳೆಯ ಯೋಚನೆಯೇ. ಗೂಡ್ಸ್ ಸ್ಟೇಷನ್ ಬಂದರೆ ಹೊರಗಿನಿಂದ ಬರುವ ಲಾರಿಗಳ ದೊಡ್ಡ ಪಾಲು ಹಳಿಗೆ ಹೋಗುತ್ತದೆ. ಆದರೆ ಆ ಸ್ಟೇಷನ್ನಿನ ಬಾಯಿಗೇ ಲಾರಿಗಳು ಗುಂಪಾಗಿ ಬರುತ್ತವೆ. ಅದನ್ನು ಕಾರ್ಖಾನೆ ಬಡಾವಣೆಯ ಒಳಗೆ ಇಡು, ಮನೆ ಬೀದಿಗೆ ಅಂಟಿಸಬೇಡ, ಎದುರಿಗೆ ಆರು ಲೇನಿಗೆ ಬೇಕಾದಷ್ಟು ಜಾಗ ಈಗಲೇ ಬಿಡು ಅಂದಿದ್ದೇನೆ.